ಕತ್ತಲೆಗೆ ಯಾರು ಹೊಣೆ?

ನಮ್ಮ ಮನೆಗಳಲ್ಲಿ ಟಿ.ವಿ. ಕೊಳ್ಳುವಾಗ ಹಣ ಎಲ್ಲರದು. ಕೊಂಡು ತಂದ ಮೇಲೆ ರಿಮೋಟು ಮಾತ್ರ ಒಬ್ಬರದು. ಇದು ನಿನ್ನೆ ಮೊನ್ನೆಯ ಪದ್ಧತಿಯಲ್ಲ. 1987ರಲ್ಲಿ ಭಾನುವಾರದ ಬೆಳಿಗ್ಗೆ ದೂರದರ್ಶನದಲ್ಲಿ ರಾಮಾಯಣ ಬರುತ್ತಿದ್ದಾಗ ಟಿ.ವಿ. ಇದ್ದವರ ನಡುಮನೆಯಲ್ಲಿ ಅರ್ಧ ಬೀದಿಯೇ ಬಂದು ಕೂರುತ್ತಿತ್ತು. ಪೆಟ್ಟಿಗೆಯ ಮುಖದ ಮೇಲೆ ಬ್ರೈಟ್‌ನೆಸ್, ಕಾಂಟ್ರಾಸ್ಟ್ ಎಂಬ ತಿರುಗುಗುಂಡಿಗಳಿರುತ್ತಿದ್ದವು. ಅವನ್ನು ಮುಟ್ಟುವ ಹಕ್ಕು ಮನೆಯ ಯಜಮಾನರಿಗೆ, ಅವರಿಲ್ಲದಿದ್ದರೆ ಹಿರಿಯ ಮಗನಿಗೆ. ರಾಮನ ಮುಖ ಕಪ್ಪಾಗಿ, ಸೀತೆಯ ಮುಖ ಸುಣ್ಣ ಬಳಿದಂತೆ ಕಂಡರೂ ಹೆಂಗಸರು ತುಟಿ ಪಿಟಕ್ಕೆನ್ನದೆ ನೋಡಿ, ಕೈ ಮುಗಿದು, ಒಲೆಯ ಮೇಲಿಟ್ಟು ಬಂದ ಅನ್ನದ ನೆನಪಾಗಿ ಎದ್ದು ಹೋಗುತ್ತಿದ್ದರು.

ಆ ತಿರುಗುಗುಂಡಿಗಳು ಹೋದವು. ಅವುಗಳ ಜಾಗದಲ್ಲಿ ಒಂದರೊಳಗೊಂದು ಬಚ್ಚಿಟ್ಟ ಇಂಗ್ಲಿಷ್ ಪಟ್ಟಿಗಳು ಬಂದವು. ಪೆಟ್ಟಿಗೆಯ ಮೇಲೆ ಚಿನ್ನದ ಬಣ್ಣದಲ್ಲಿ ಮೂರು ಅಕ್ಷರಗಳು ಬಂದವು: ಎಚ್.ಡಿ.ಆರ್. ಬೆಳಕಿನ ಕಡೆಯ ಹೊಳಪನ್ನೂ ಕತ್ತಲಿನ ಕಡೆಯ ಸೂಕ್ಷ್ಮವನ್ನೂ ಒಟ್ಟಿಗೆ ತೋರಿಸುವ ತಂತ್ರ ಎಂದು ಅದರ ಅರ್ಥ. ನನ್ನ ಜಗಳ ಇರುವುದು ಈ ಮೂರು ಅಕ್ಷರಗಳ ಜೊತೆಗೆ. ತಂತ್ರದ ಜೊತೆಗಲ್ಲ, ಅದು ಒಳ್ಳೆಯ ತಂತ್ರವೇ. ಅದರ ಹೆಸರನ್ನು ಎಲ್ಲ ಪೆಟ್ಟಿಗೆಗಳ ಮೇಲೂ ಅಂಟಿಸಿ ಮಾರುವವರ ಜೊತೆಗೆ, ಮತ್ತು ಚಿತ್ರ ಕಪ್ಪಾಗಿ ಕಂಡಾಗ "ನಿಮಗೆ ಸೆಟ್ಟಿಂಗ್ ಮಾಡಲು ಬರುವುದಿಲ್ಲ" ಎನ್ನುವವರ ಜೊತೆಗೆ.

ಈ ಜಗಳ ಶುರುವಾದದ್ದು ವಿಡಿಯೊ ಗೇಮಿನಿಂದ. ವಿಡಿಯೊ ಗೇಮ್ ಎಂದ ಕೂಡಲೇ ಪುಟ ತಿರುವಬೇಡಿ. ಅದು ಗಂಡುಹುಡುಗರ ಚಟ ಎಂದು ನಾವು ಅಂದುಕೊಂಡಿರುವಾಗಲೇ ನಮ್ಮ ಹೆಣ್ಣುಮಕ್ಕಳು ಆಡಲು ಕಲಿತು, ಗೆದ್ದೂ ಆಗಿದೆ. ಬೆಂಗಳೂರಿನಲ್ಲಿ ಕೆಲಸ ಮಾಡುವ ನನ್ನ ಮಗಳು ಮೊದಲ ವರ್ಷದ ಸಂಬಳದಲ್ಲಿ ಉಳಿಸಿ ಒಂದು ಪ್ಲೇಸ್ಟೇಷನ್ 5 ಕೊಂಡಳು. ಈ ಯಂತ್ರ 2021ರ ಫೆಬ್ರವರಿಯಲ್ಲಿ ನಮ್ಮ ದೇಶಕ್ಕೆ ಬಂದಾಗ ಅದರ ಬೆಲೆ 49,990 ರೂಪಾಯಿ. ಅಷ್ಟು ದುಡ್ಡು ಕೊಟ್ಟು ಆಟದ ಸಾಮಾನೇ ಎಂದು ನೆಂಟರು ಹುಬ್ಬೇರಿಸಿದರು. ಅದೇ ನೆಂಟರ ಮನೆಯ ಗಂಡುಮಕ್ಕಳು ಅದಕ್ಕಿಂತ ಎಷ್ಟೋ ಹೆಚ್ಚು ಕೊಟ್ಟು ಬೈಕು ಕೊಂಡಾಗ ಯಾರ ಹುಬ್ಬೂ ಏರಿರಲಿಲ್ಲ. ಇರಲಿ.

ಸಿನಿಮಾದಲ್ಲಿ ಒಂದು ದೃಶ್ಯ ಕಪ್ಪಾಗಿ ಕಂಡರೆ ನಾವು ಸಂಭಾಷಣೆ ಕೇಳಿಕೊಂಡು ಕಾಲ ಕಳೆಯುತ್ತೇವೆ. ಆಟದಲ್ಲಿ ಹಾಗಾಗುವುದಿಲ್ಲ. ಗುಹೆಯೊಳಗೆ ಯಾರು ನಿಂತಿದ್ದಾರೆಂದು ಕಾಣದಿದ್ದರೆ ಆಡುವವಳು ಸೋಲುತ್ತಾಳೆ. ಆದ್ದರಿಂದಲೇ ಟಿ.ವಿ.ಯ ಬಂಡವಾಳವನ್ನು ಮೊದಲು ಬಯಲಿಗೆಳೆಯುವುದು ಧಾರಾವಾಹಿಯಲ್ಲ, ವಿಡಿಯೊ ಗೇಮು.

ದೀಪಾವಳಿಯ ರಿಯಾಯಿತಿಯಲ್ಲಿ ನಾವು ಕೊಂಡಿದ್ದ 43 ಇಂಚಿನ ಟಿ.ವಿ.ಗೆ ಮಗಳು ತನ್ನ ಯಂತ್ರವನ್ನು ಜೋಡಿಸಿದಳು. ಟಿ.ವಿ.ಯ ಮೂಲೆಯಲ್ಲಿ ಎಚ್.ಡಿ.ಆರ್. ಎಂಬ ಗುರುತು ಮಿಂಚಿತು. ಮಿಂಚಿದ್ದು ಅದೊಂದೇ. ಹಗಲಿನ ದೃಶ್ಯಗಳು ಮೋಡ ಕವಿದ ಸಂಜೆಯಂತೆ ಕಂಡವು. ರಾತ್ರಿಯ ದೃಶ್ಯಗಳು ಕಾಣಲೇ ಇಲ್ಲ. ಅದೇ ಟಿ.ವಿ.ಯಲ್ಲಿ ಸಂಜೆ ಏಳರ ಧಾರಾವಾಹಿ ಮಾತ್ರ ಹೊಳೆಯುತ್ತಿತ್ತು.

ಆಮೇಲೆ ಸಲಹೆಗಳು ಬಂದವು. ಅಂಗಡಿಯ ಹುಡುಗ ಹೇಳಿದ: "ಮೇಡಂ, ಟಿ.ವಿ. ಸರಿಯಾಗಿದೆ, ನೀವು ಸೆಟ್ಟಿಂಗ್ ಏನೋ ಮಾಡಿಕೊಂಡಿದ್ದೀರಿ. ಇಲ್ಲದಿದ್ದರೆ ದೊಡ್ಡ ಮಾಡೆಲ್ ತಗೊಳ್ಳಿ, ಎಕ್ಸ್‌ಚೇಂಜ್ ಇದೆ." ಊರಿಂದ ಬಂದಿದ್ದ ಮೈದುನ ಹೇಳಿದ: "ಅತ್ತಿಗೆ, ನಿಮ್ಮ ಕನ್ನಡಕದ ನಂಬರು ಬದಲಾಗಿರಬೇಕು, ಒಮ್ಮೆ ತೋರಿಸಿಬಿಡಿ." ಎದುರು ಮನೆಯವರು ಹೇಳಿದರು: "ಲೈಟೆಲ್ಲ ಆರಿಸಿ ನೋಡಿ, ಥಿಯೇಟರ್ ತರಹ ಇರುತ್ತೆ." ಗಮನಿಸಿ, ಮೂವರಲ್ಲಿ ಒಬ್ಬರೂ ಟಿ.ವಿ.ಯ ಮೇಲೆ ಅನುಮಾನಪಡಲಿಲ್ಲ. ತಪ್ಪು ನಮ್ಮ ತಿಳಿವಳಿಕೆಯದು, ನಮ್ಮ ಕಣ್ಣಿನದು, ನಮ್ಮ ಮನೆಯ ದೀಪದ್ದು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದರಂತೆ.

ಮೂವತ್ತು ವರ್ಷ ಪಾಠ ಹೇಳಿದ ನನಗೆ ಒಂದು ಅಭ್ಯಾಸವಿದೆ. "ನಿನಗೆ ಅರ್ಥವಾಗುವುದಿಲ್ಲ ಬಿಡು" ಎಂದವರ ಪುಸ್ತಕವನ್ನೇ ಕೇಳಿ ಪಡೆದು ಓದುವುದು. ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಓದಿದೆ. ಓದಿದ್ದನ್ನು ನಿಮಗೂ ಹೇಳುತ್ತೇನೆ. ಕಷ್ಟದ್ದೇನಿಲ್ಲ, ಏಳನೆಯ ತರಗತಿಯ ವಿಜ್ಞಾನದಷ್ಟೇ.

ಅಕ್ಕಿಗೆ ಕಿಲೋ, ಹಾಲಿಗೆ ಲೀಟರು ಇರುವ ಹಾಗೆ ಪರದೆಯ ಬೆಳಕಿಗೂ ಒಂದು ಅಳತೆಯಿದೆ. ಅದರ ಹೆಸರು ನಿಟ್. ಒಂದು ಚದರ ಮೀಟರಿನಷ್ಟು ಜಾಗದಿಂದ ಹೆಚ್ಚುಕಡಿಮೆ ಒಂದು ಮೇಣದಬತ್ತಿಯಷ್ಟು ಬೆಳಕು ನಮ್ಮ ಕಡೆ ಬಂದರೆ ಅದು ಒಂದು ನಿಟ್. ರಾತ್ರಿ ಟ್ಯೂಬ್‌ಲೈಟಿನ ಕೆಳಗೆ ನಾನು ತಿದ್ದುವ ಉತ್ತರಪತ್ರಿಕೆಯ ಬಿಳಿ ಹಾಳೆ ನೂರು ನಿಟ್‌ಗಿಂತ ಕಡಿಮೆ ಹೊಳೆಯುತ್ತದೆ. ಅದೇ ಹಾಳೆಯನ್ನು ನಡುಹಗಲಿನ ಬಿಸಿಲಿನಲ್ಲಿ ಹಿಡಿದರೆ ಇಪ್ಪತ್ತೈದು ಸಾವಿರ ನಿಟ್ ದಾಟುತ್ತದೆ. ನಮ್ಮ ಕಣ್ಣು ಎರಡಕ್ಕೂ ಹೊಂದಿಕೊಳ್ಳುತ್ತದೆ. ಹಳೆಯ ಟಿ.ವಿ.ಗಳಿಗೆ ಚಿತ್ರ ಸಿದ್ಧಪಡಿಸುವವರು ಅತಿ ಬಿಳುಪು ಎಂದರೆ 100 ನಿಟ್ ಎಂದು ಲೆಕ್ಕ ಇಟ್ಟುಕೊಂಡಿದ್ದರು. ಅದೂ ಕಟ್ಟುನಿಟ್ಟಿನ ಲೆಕ್ಕವಲ್ಲ. ನಿಮ್ಮ ಟಿ.ವಿ. ಎಷ್ಟು ಬೆಳಗಬಲ್ಲದೋ ಅದರಲ್ಲಿ ಇಷ್ಟು ಪಾಲು ಎಂದು ಚಿತ್ರ ಹೇಳುತ್ತಿತ್ತು. ಆದ್ದರಿಂದ ಬಡವರ ಟಿ.ವಿ.ಯಲ್ಲೂ ಚಿತ್ರ ತಕ್ಕಮಟ್ಟಿಗೆ ಕಾಣುತ್ತಿತ್ತು.

ಎಚ್.ಡಿ.ಆರ್. ಈ ಲೆಕ್ಕವನ್ನೇ ಬದಲಿಸಿತು. 2014ರಲ್ಲಿ ಗೊತ್ತುಪಡಿಸಿದ ಮಾನಕದಲ್ಲಿ 10,000 ನಿಟ್‌ವರೆಗೆ ಜಾಗವಿದೆ. ಇಲ್ಲಿ ಚಿತ್ರ ಪಾಲು ಹೇಳುವುದಿಲ್ಲ, ಅಳತೆಯನ್ನೇ ಹೇಳುತ್ತದೆ. ಈ ದೀಪ 800 ನಿಟ್, ಈ ಗೋಡೆ 40 ನಿಟ್, ಈ ನೆರಳು ಅರ್ಧ ನಿಟ್ ಎಂದು ಅಪ್ಪಣೆ ಕೊಡುತ್ತದೆ. ಸಿನಿಮಾಗಳನ್ನು ಸಾಮಾನ್ಯವಾಗಿ 1,000 ಅಥವಾ 4,000 ನಿಟ್‌ನ ಪರದೆಯ ಮೇಲೆ ನೋಡಿಕೊಂಡು ಸಿದ್ಧಪಡಿಸುತ್ತಾರೆ. 2016ರಲ್ಲಿ ಆಟದ ಯಂತ್ರಗಳೂ ಈ ದಾರಿ ಹಿಡಿದವು. ಆದರೆ ಮಧ್ಯಮ ವರ್ಗದವರು ಕೊಳ್ಳುವ ಎಷ್ಟೋ ಟಿ.ವಿ.ಗಳ ಪೂರ್ತಿ ಶಕ್ತಿಯೇ 250, 300 ನಿಟ್.

ಈಗ ಅಡುಗೆಮನೆಯ ಭಾಷೆಯಲ್ಲಿ ಯೋಚಿಸಿ. ಒಂದು ಸೇರಿನ ಪಾತ್ರೆಗೆ ಮೂರು ಸೇರು ಹಾಲು ಬಂದಿದೆ. ಏನು ಮಾಡುತ್ತೀರಿ? ಹಾಗೆಯೇ ಸುರಿದರೆ ಮೇಲಿನದೆಲ್ಲ ಚೆಲ್ಲಿಹೋಗುತ್ತದೆ. ಪರದೆಯ ಮೇಲೆ ಇದರ ರೂಪ ಏನೆಂದರೆ, ಮೋಡ, ಹಿಮ, ಉರಿಯುವ ಪಂಜು ಎಲ್ಲವೂ ಒಂದೇ ಬಿಳಿ ಮುದ್ದೆ. ಚೆಲ್ಲಬಾರದು ಎಂದರೆ ಹಾಲನ್ನೆಲ್ಲ ಕಾಯಿಸಿ ಇಂಗಿಸಿ ಪಾತ್ರೆಗೆ ಹಿಡಿಸಬೇಕು. ಟಿ.ವಿ. ಹೀಗೆ ಮಾಡಿದಾಗ ಮೇಲಿನ ಹೊಳಪಿಗೆ ಜಾಗ ಬಿಡುವ ನೆಪದಲ್ಲಿ ನಡುವಿನದೆಲ್ಲ ಕೆಳಗಿಳಿಯುತ್ತದೆ. ಮನುಷ್ಯರ ಮುಖ, ಗೋಡೆ, ಮರ ಎಲ್ಲ ಮಸುಕು. ನಮ್ಮ ಮನೆಯಲ್ಲಿ ಆದದ್ದು ಇದೇ. ಧಾರಾವಾಹಿ ಹಳೆಯ ಲೆಕ್ಕದ್ದು, ಪಾಲು ಕೇಳುವಂಥದ್ದು, ಆದ್ದರಿಂದ ಹೊಳೆಯುತ್ತಿತ್ತು. ಆಟ ಹೊಸ ಲೆಕ್ಕದ್ದು, ಆದ್ದರಿಂದ ಕಪ್ಪಾಯಿತು. ನನ್ನ ಕನ್ನಡಕದ ಪಾಲು ಇದರಲ್ಲಿ ಏನೂ ಇರಲಿಲ್ಲ.

ಹಾಗಾದರೆ ಆ ಪೆಟ್ಟಿಗೆಯ ಮೇಲೆ ಎಚ್.ಡಿ.ಆರ್. ಎಂದು ಬರೆದದ್ದು ಸುಳ್ಳೇ? ಇಲ್ಲ, ಇಲ್ಲೇ ಜಾಣತನವಿರುವುದು. ಟಿ.ವಿ. ಎಚ್.ಡಿ.ಆರ್. ಸಂಕೇತವನ್ನು ಸ್ವೀಕರಿಸುತ್ತದೆ ಎಂಬುದು ನಿಜ. ಸ್ವೀಕರಿಸಿದ್ದನ್ನು ತೋರಿಸುತ್ತದೆ ಎಂದು ಯಾರೂ ಮಾತು ಕೊಟ್ಟಿಲ್ಲ. ಅಂಚೆಯವನು ಸಂಸ್ಕೃತದ ಕಾಗದ ತಲುಪಿಸಿದ ಮಾತ್ರಕ್ಕೆ ಕಾಗದ ಪಡೆದವನು ಪಂಡಿತನಾಗುತ್ತಾನೆಯೇ? ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೂ ಗತಿಯಿಲ್ಲ!

ಕಂಪ್ಯೂಟರಿನ ಮಾನಿಟರುಗಳಲ್ಲಿ ಇಷ್ಟು ಕತ್ತಲೆಯಿಲ್ಲ. ವೆಸಾ ಎಂಬ ಸಂಸ್ಥೆ 2017ರಲ್ಲಿ ಡಿಸ್‌ಪ್ಲೇ ಎಚ್.ಡಿ.ಆರ್. 400, 600, 1000 ಎಂಬ ದರ್ಜೆಗಳನ್ನು ಮಾಡಿತು. ಅಂಕಿ ಎಷ್ಟೋ ಅಷ್ಟು ನಿಟ್ ಹೊಳಪನ್ನು ಆ ಪರದೆ ಮುಟ್ಟಲೇಬೇಕು. ಕೆಳಗಿನ 400ರ ದರ್ಜೆ ಬರೀ ಹೆಸರಿಗೆ ಎಂದು ತಿಳಿದವರು ಟೀಕಿಸಿದ್ದಾರೆ. ಆದರೂ ಒಂದು ಅಂಕಿಯಾದರೂ ಇದೆ. ಕೊಳ್ಳುವವಳು ಹೋಲಿಸಿ ನೋಡಬಹುದು. ಅಂಗಡಿಯಲ್ಲಿ ನಾನು ತಿರುಗಿಸಿ ನೋಡಿದ ಟಿ.ವಿ. ಪೆಟ್ಟಿಗೆಗಳ ಮೇಲೆ ಇಂಚು ಇತ್ತು, ಬೆಲೆ ಇತ್ತು, ಸ್ಪೀಕರಿನ ವ್ಯಾಟು ಇತ್ತು. ಬೆಳಕಿನ ಅಂಕಿ ಇರಲಿಲ್ಲ. ಬೆಳಕು ಮಾರುವ ಪೆಟ್ಟಿಗೆಯ ಮೇಲೆ ಬೆಳಕು ಎಷ್ಟೆಂದು ಬರೆಯದಿರುವುದು ಎಂಥ ವ್ಯಾಪಾರ? ಸಾಬೂನಿನ ಬಿಲ್ಲೆಯ ಮೇಲೆ ತೂಕ ಅಚ್ಚಾಗಬೇಕೆಂದು ಈ ದೇಶದಲ್ಲಿ ಕಾನೂನಿದೆ. ಫ್ರಿಜ್ಜಿನ ಬಾಗಿಲ ಮೇಲೆ ಕರೆಂಟಿನ ಲೆಕ್ಕದ ನಕ್ಷತ್ರಗಳಿವೆ. ಯುರೋಪಿನ ಒಕ್ಕೂಟದಲ್ಲಿ 2021ರ ಮಾರ್ಚಿನಿಂದ ಟಿ.ವಿ.ಯ ವಿದ್ಯುತ್ ಚೀಟಿಯಲ್ಲಿ ಮಾಮೂಲಿ ಚಿತ್ರಕ್ಕೊಂದು, ಎಚ್.ಡಿ.ಆರ್. ಚಿತ್ರಕ್ಕೊಂದು ಎಂದು ಎರಡು ಲೆಕ್ಕ ಬರೆಯುತ್ತಾರೆ. ಮನಸ್ಸಿದ್ದರೆ ಅಳೆದು ಬರೆಯುವುದು ಕಷ್ಟವೇನಲ್ಲ.

ನೋಡುವವರ ಮೇಲೆ ತಪ್ಪು ಹೊರಿಸುವುದು ನಮ್ಮ ಊರಿನ ಅಂಗಡಿಯವರ ಗುಣ ಮಾತ್ರ ಎಂದುಕೊಳ್ಳಬೇಡಿ. 2019ರ ಏಪ್ರಿಲ್‌ನಲ್ಲಿ ಗೇಮ್ ಆಫ್ ಥ್ರೋನ್ಸ್ ಎಂಬ ಹೆಸರುವಾಸಿ ಧಾರಾವಾಹಿಯಲ್ಲಿ ರಾತ್ರಿಯ ಯುದ್ಧದ ಒಂದು ಕಂತು ಬಂತು. ಯಾರು ಯಾರನ್ನು ಹೊಡೆದರೆಂದೇ ಕಾಣಲಿಲ್ಲ ಎಂದು ಜಗತ್ತಿನ ಉದ್ದಗಲಕ್ಕೂ ಜನ ದೂರಿದರು. ಅದರ ಛಾಯಾಗ್ರಾಹಕ ಫೇಬಿಯನ್ ವ್ಯಾಗ್ನರ್ ಕೊಟ್ಟ ಉತ್ತರದ ಸಾರ ಇಷ್ಟು: ಬಹಳ ಜನಕ್ಕೆ ತಮ್ಮ ಟಿ.ವಿ.ಯನ್ನು ಸರಿಯಾಗಿ ಹೊಂದಿಸಿಕೊಳ್ಳಲು ತಿಳಿದಿಲ್ಲ. ಕತ್ತಲ ಯುದ್ಧವನ್ನು ಕತ್ತಲಾಗಿಯೇ ತೋರಿಸುವುದು ಕಲಾವಿದನ ಹಕ್ಕು, ಒಪ್ಪುತ್ತೇನೆ. ಆದರೆ ತರಗತಿಯ ಮುಕ್ಕಾಲು ಪಾಲು ಮಕ್ಕಳಿಗೆ ಕರಿಹಲಗೆಯ ಅಕ್ಷರ ಕಾಣದಿದ್ದರೆ ನಾನು ಮಕ್ಕಳನ್ನು ಬಯ್ಯಲೋ, ದೊಡ್ಡದಾಗಿ ಬರೆಯಲೋ?

ಇದಕ್ಕೆ ವಿರುದ್ಧವಾದ ಉದಾಹರಣೆಯೂ ಇದೆ. ರೆಡ್ ಡೆಡ್ ರಿಡೆಂಪ್ಷನ್ 2 ಎಂಬ ಆಟ 2018ರ ಅಕ್ಟೋಬರಿನಲ್ಲಿ ಬಿಡುಗಡೆಯಾಯಿತು. ಅದರ ಎಚ್.ಡಿ.ಆರ್. ಮಾಮೂಲಿ ಚಿತ್ರಕ್ಕೆ ಹೊದಿಸಿದ ಹೊದಿಕೆಯಷ್ಟೇ ಎಂದು ಆಡುವವರು ಅಳತೆ ಮಾಡಿ ತೋರಿಸಿ ಗಲಾಟೆ ಎಬ್ಬಿಸಿದರು. 2019ರಲ್ಲಿ ಅದನ್ನು ತಿದ್ದಿ, ಸಿನಿಮಾ ರೀತಿಯದೊಂದು, ಆಟದ ರೀತಿಯದೊಂದು ಎಂದು ಎರಡು ಆಯ್ಕೆ ಕೊಟ್ಟರು. ಗಲಾಟೆ ಮಾಡಿದವರು ಅಂಕಿ ಹಿಡಿದುಕೊಂಡು ಮಾಡಿದರು ಎಂಬುದನ್ನು ಮರೆಯಬಾರದು. "ಯಾಕೋ ಚೆನ್ನಾಗಿ ಕಾಣ್ತಿಲ್ಲ" ಎಂದು ಗೊಣಗಿದ್ದರೆ ಅವರಿಗೂ ಕನ್ನಡಕದ ಸಲಹೆಯೇ ಸಿಗುತ್ತಿತ್ತು. ಆದ್ದರಿಂದ ರಿಮೋಟನ್ನು ಕೈಗೆತ್ತಿಕೊಳ್ಳಿ. ಹೇಗೆಂದು ಹೇಳುತ್ತೇನೆ.

ಮೊದಲನೆಯದಾಗಿ, ಬ್ರೈಟ್‌ನೆಸ್ ಎಂಬ ಹೆಸರಿಗೆ ಮರುಳಾಗಬೇಡಿ. ಬಹಳಷ್ಟು ಟಿ.ವಿ.ಗಳಲ್ಲಿ ಬ್ರೈಟ್‌ನೆಸ್ ಏರಿಸಿದರೆ ಬೆಳಕು ಹೆಚ್ಚುವುದಿಲ್ಲ, ಕಪ್ಪು ಬೂದಿಯಾಗುತ್ತದೆ. ಡಸ್ಟರಿನಿಂದ ಅರ್ಧ ಒರೆಸಿದ ಕರಿಹಲಗೆಯನ್ನು ನೆನಪಿಸಿಕೊಳ್ಳಿ. ಹಲಗೆ ಬೆಳ್ಳಗಾಯಿತು, ಅಕ್ಷರ ಸ್ಪಷ್ಟವಾಯಿತೇ? ನಿಜವಾದ ದೀಪದ ಹಿಡಿತ ಬ್ಯಾಕ್‌ಲೈಟ್ ಎಂಬ ಹೆಸರಿನಲ್ಲಿರುತ್ತದೆ. ಕೆಲವು ಕಂಪನಿಗಳಲ್ಲಿ ಬ್ರೈಟ್‌ನೆಸ್ ಎಂದರೇ ದೀಪ, ಕಪ್ಪಿಗೆ ಬ್ಲ್ಯಾಕ್ ಲೆವೆಲ್ ಎಂಬ ಬೇರೆ ಹೆಸರು. ಒಂದೇ ಪದಕ್ಕೆ ಒಂದೊಂದು ಕಂಪನಿಯಲ್ಲಿ ಒಂದೊಂದು ಅರ್ಥ! ಪರೀಕ್ಷೆಯಲ್ಲಿ ಮಕ್ಕಳು ಹೀಗೆ ಬರೆದರೆ ನಾವು ಸೊನ್ನೆ ಹಾಕುತ್ತೇವೆ.

ಎರಡನೆಯದಾಗಿ, ಕರೆಂಟು ಉಳಿಸುವ ಸೆಟ್ಟಿಂಗನ್ನು ನೋಡಿ. ಎಕೋ, ಪವರ್ ಸೇವಿಂಗ್, ಲೈಟ್ ಸೆನ್ಸರ್ ಎಂದೇನೋ ಇರುತ್ತದೆ. ಕೋಣೆಯ ಬೆಳಕು ನೋಡಿ ಅದು ತಾನಾಗಿ ಪರದೆಯನ್ನು ಮಂಕು ಮಾಡುತ್ತದೆ. ಎಚ್.ಡಿ.ಆರ್. ಆಟಕ್ಕೆ ಅದನ್ನು ನಿಲ್ಲಿಸಿ, ಬ್ಯಾಕ್‌ಲೈಟ್ ಪೂರ್ತಿ ಏರಿಸಿ. ಧಾರಾವಾಹಿಗೆ ನೀವು ಮಾಡಿಟ್ಟ ಸೆಟ್ಟಿಂಗು ಆಟಕ್ಕೆ ಅನ್ವಯಿಸದಿರಬಹುದು. ಎಷ್ಟೋ ಟಿ.ವಿ.ಗಳು ಮಾಮೂಲಿ ಚಿತ್ರಕ್ಕೆ, ಎಚ್.ಡಿ.ಆರ್. ಚಿತ್ರಕ್ಕೆ, ಒಂದೊಂದು ತಂತಿಯ ಕಿಂಡಿಗೆ ಬೇರೆ ಬೇರೆ ಲೆಕ್ಕ ಇಟ್ಟುಕೊಂಡಿರುತ್ತವೆ. ಆಟ ನಡೆಯುತ್ತಿರುವಾಗಲೇ ಮೆನು ತೆಗೆದು ಬದಲಿಸಿ. ವಿವಿಡ್ ಎಂಬ ಚಿತ್ರವಿಧಾನ ಅಂಗಡಿಯ ಝಗಮಗ ದೀಪಗಳ ಕೆಳಗೆ ಗಿರಾಕಿಯ ಕಣ್ಣು ಸೆಳೆಯಲು ಮಾಡಿದ್ದು. ಮನೆಗೆ ಅದು ಬೇಡ. ಆಟಕ್ಕೆ ಗೇಮ್ ಮೋಡ್ ಇರಲಿ. ಗುಂಡಿ ಒತ್ತಿದ್ದಕ್ಕೂ ಪರದೆಯ ಮೇಲೆ ಆಗುವುದಕ್ಕೂ ನಡುವಿನ ತಡ ಕಡಿಮೆಯಾಗುತ್ತದೆ.

ಮೂರನೆಯದು ಮುಖ್ಯವಾದದ್ದು. ಪಾತ್ರೆ ಎಷ್ಟು ದೊಡ್ಡದೆಂದು ಹಾಲು ಹಾಕುವವನಿಗೆ ಮೊದಲೇ ಹೇಳುವುದು. ಪ್ಲೇಸ್ಟೇಷನ್ 5ರಲ್ಲಿ ಸ್ಕ್ರೀನ್ ಅಂಡ್ ವಿಡಿಯೊ ಎಂಬಲ್ಲಿ ಹೋದರೆ ಅಡ್ಜಸ್ಟ್ ಎಚ್.ಡಿ.ಆರ್. ಎಂಬ ಬಾಗಿಲಿದೆ. ಅಲ್ಲಿ ಒಂದಾದ ಮೇಲೊಂದು ಮೂರು ಪರದೆಗಳು ಬರುತ್ತವೆ. ಮೊದಲೆರಡು ಬೆಳಕಿನವು, ಮೂರನೆಯದು ಕತ್ತಲಿನದು. ಪ್ರತಿಯೊಂದರಲ್ಲೂ ಒಂದು ಗುರುತು ಇನ್ನೇನು ಮಾಯವಾಗುತ್ತದೆ ಎನ್ನುವಲ್ಲಿಗೆ ನಿಲ್ಲಿಸಬೇಕು. ಹೆಚ್ಚು ಏರಿಸಿದರೆ ಹೆಚ್ಚು ಚೆಂದ ಎಂದುಕೊಂಡು ಕೊನೆಯವರೆಗೆ ಒತ್ತುತ್ತಾ ಹೋಗಬಾರದು. ನಿಮ್ಮ ಟಿ.ವಿ.ಗೆ ಇಲ್ಲದ ಶಕ್ತಿ ಇದೆಯೆಂದು ಯಂತ್ರಕ್ಕೆ ಸುಳ್ಳು ಹೇಳಿದಂತಾಗುತ್ತದೆ. ಮತ್ತೆ ಹಾಲು ಚೆಲ್ಲುತ್ತದೆ. ಎಕ್ಸ್‌ಬಾಕ್ಸ್ ಯಂತ್ರದಲ್ಲೂ ಇಂಥದೇ ಪರೀಕ್ಷೆಯಿದೆ. ವಿಂಡೋಸ್ 11 ಕಂಪ್ಯೂಟರಿಗೆ 2022ರಲ್ಲಿ ಬಂದ ಎಚ್.ಡಿ.ಆರ್. ಕ್ಯಾಲಿಬ್ರೇಷನ್ ಎಂಬ ಆ್ಯಪು ಇದನ್ನು ನಿಟ್ ಅಂಕಿಯಲ್ಲೇ ತೋರಿಸುತ್ತದೆ.

ಈ ಪರೀಕ್ಷೆಗೆ ಮುಂಚೆ ಟಿ.ವಿ.ಯ ಡೈನಾಮಿಕ್ ಕಾಂಟ್ರಾಸ್ಟ್, ಡೈನಾಮಿಕ್ ಟೋನ್ ಮ್ಯಾಪಿಂಗ್ ಮುಂತಾದ ಸ್ವಂತ ಬುದ್ಧಿಗಳನ್ನೆಲ್ಲ ನಿಲ್ಲಿಸಿ. ಇಲ್ಲದಿದ್ದರೆ ಯಂತ್ರ ಒಮ್ಮೆ ಇಂಗಿಸಿದ್ದನ್ನು ಟಿ.ವಿ. ಮತ್ತೊಮ್ಮೆ ಇಂಗಿಸುತ್ತದೆ. ಇದನ್ನು ತಪ್ಪಿಸಲೆಂದೇ ಸೋನಿ, ಮೈಕ್ರೋಸಾಫ್ಟ್ ಮೊದಲಾದ ಕಂಪನಿಗಳು ಕೂಡಿ ಎಚ್.ಜಿ.ಐ.ಜಿ. ಎಂಬ ಕೂಟ ಮಾಡಿಕೊಂಡು ಮಾರ್ಗಸೂಚಿ ಬರೆದಿವೆ, ಕೆಲವು ಟಿ.ವಿ.ಗಳಲ್ಲಿ ಅದೇ ಹೆಸರಿನ ಆಯ್ಕೆ ಇರುತ್ತದೆ. ನಾಲ್ಕನೆಯದಾಗಿ, ಕೆಲವು ಆಟಗಳೊಳಗೆ ಪೀಕ್ ಬ್ರೈಟ್‌ನೆಸ್, ಪೇಪರ್ ವೈಟ್ ಎಂಬ ಎರಡು ಜಾರುಪಟ್ಟಿಗಳಿರುತ್ತವೆ. ಮೊದಲನೆಯದು ಟಿ.ವಿ.ಯ ಪೂರ್ತಿ ಶಕ್ತಿ. ಎರಡನೆಯದು ಆಟದಲ್ಲಿ ಒಂದು ಬಿಳಿ ಹಾಳೆ ಎಷ್ಟು ಹೊಳೆಯಬೇಕೆಂಬುದು. ಟಿ.ವಿ. ಪ್ರಸಾರದವರ ಅಂತರರಾಷ್ಟ್ರೀಯ ಶಿಫಾರಸು ಇದಕ್ಕೆ 203 ನಿಟ್ ಎನ್ನುತ್ತದೆ. ಕೋಣೆಯಲ್ಲಿ ಬೆಳಕು ಹೆಚ್ಚಿದ್ದರೆ ಮುಖಗಳನ್ನು ಎತ್ತಿ ಕೊಡುವುದು ಈ ಎರಡನೆಯ ಪಟ್ಟಿಯೇ.

ಇಷ್ಟನ್ನೆಲ್ಲ ನಮ್ಮ ಮನೆಯಲ್ಲಿ ಮಾಡಿದೆವು. ಮಗಳು ತನ್ನ ಲ್ಯಾಪ್‌ಟಾಪನ್ನು ಅದೇ ಟಿ.ವಿ.ಗೆ ಜೋಡಿಸಿ ಆ ಆ್ಯಪಿನಲ್ಲಿ ನೋಡಿದಾಗ ಗುರುತು ಮಾಯವಾದದ್ದು 300ರ ಆಸುಪಾಸಿನಲ್ಲಿ. ಪ್ರಯೋಗಾಲಯದ ಅಳತೆ ಅದಲ್ಲ, ಆದರೆ ಅಂದಾಜಿಗೆ ಸಾಕು. ಚಿತ್ರ ಮೊದಲಿಗಿಂತ ಎಷ್ಟೋ ಸುಧಾರಿಸಿತು. ಆದರೂ ಕೆಲವು ಆಟಗಳಲ್ಲಿ ಗುಹೆ ಗುಹೆಯಾಗಿಯೇ ಉಳಿಯಿತು. ಕೊನೆಗೆ ಮಗಳು ಆ ಆಟಗಳಿಗೆ ಎಚ್.ಡಿ.ಆರ್. ಅನ್ನೇ ಆರಿಸಿಬಿಟ್ಟಳು. ತಕ್ಷಣ ಮುಖಗಳು ಕಂಡವು, ಮರ ಕಂಡಿತು, ಗುಹೆಯೊಳಗೆ ನಿಂತವನೂ ಕಂಡ. "ಅಮ್ಮಾ, ನಾವು ದುಡ್ಡು ಕೊಟ್ಟದ್ದನ್ನು ಆರಿಸಿದರೆ ಕಾಣುತ್ತೆ ನೋಡು" ಎಂದು ನಕ್ಕಳು. ನನಗೆ ನಗು ಬರಲಿಲ್ಲ. ಯಾವ ಮೂರು ಅಕ್ಷರ ನೋಡಿ ಆ ಮಾದರಿಗೆ ಐದು ಸಾವಿರ ಹೆಚ್ಚು ಕೊಟ್ಟಿದ್ದೆವೋ ಆ ಮೂರು ಅಕ್ಷರವನ್ನು ಆರಿಸಿದ ಮೇಲೆ ಟಿ.ವಿ. ಸರಿಹೋಯಿತು. ಐದು ಸಾವಿರ ರೂಪಾಯಿ ನಮ್ಮಂಥವರ ಮನೆಯಲ್ಲಿ ಎರಡು ತಿಂಗಳ ಔಷಧಿ.

ಇನ್ನು ದೀಪ ಆರಿಸಿ ನೋಡಿ ಎಂಬ ಉಪದೇಶ. ಇದು ಎದುರು ಮನೆಯವರ ಮಾತು ಮಾತ್ರವಲ್ಲ, ಎಚ್.ಡಿ.ಆರ್. ಅಂತರರಾಷ್ಟ್ರೀಯ ಮಾನಕವೇ ನೋಡುವ ಕೋಣೆಯಲ್ಲಿ ಪರದೆಯ ಸುತ್ತಲಿನ ಗೋಡೆ 5 ನಿಟ್‌ನಷ್ಟೇ ಇರಬೇಕೆಂದು ಇಟ್ಟುಕೊಂಡಿದೆ. ಟ್ಯೂಬ್‌ಲೈಟ್ ಹಾಕಿದ ನಮ್ಮ ನಡುಮನೆಯ ಗೋಡೆ ಅದರ ಹಲವು ಪಟ್ಟು. ಮಾನಕ ಬರೆದವರು ತಮ್ಮ ಕೆಲಸದ ಕೋಣೆಗೆ ಬರೆದುಕೊಂಡರು, ಸರಿ. ಅದನ್ನೇ ಮನೆಗೆ ತಂದು ಮಾರುವವರ ಕಣ್ಣ ಮುಂದೆ ಎಂಥ ಮನೆಯಿರುತ್ತದೆ? ಒಬ್ಬ ಗಂಡಸು, ಒಂದು ಸೋಫಾ, ಪರದೆ ಎಳೆದ ಕಿಟಕಿ. ನಮ್ಮ ನಡುಮನೆಯಲ್ಲಿ ಸಂಜೆ ಏಳಕ್ಕೆ ಏನಿರುತ್ತದೆ ಹೇಳಿ. ಅತ್ತೆ ಅವರೆಕಾಯಿ ಬಿಡಿಸುತ್ತಿರುತ್ತಾರೆ. ಪಕ್ಕದ ಮನೆಯ ಮಗು ಕಾಪಿ ಬರೆಯುತ್ತಿರುತ್ತದೆ. ನಾನು ಇಸ್ತ್ರಿ ಮಾಡುತ್ತಲೋ ಉತ್ತರಪತ್ರಿಕೆ ತಿದ್ದುತ್ತಲೋ ಇರುತ್ತೇನೆ. ಎಂಬತ್ತು ದಾಟಿದ ಮಾವನವರು ಬಚ್ಚಲಿಗೆ ಹೋಗಿ ಬರಲು ಅದೇ ದಾರಿ. ಯಾರ ದೀಪ ಆರಿಸಬೇಕು? ಮನೆಯ ಒಬ್ಬರ ವಿನೋದಕ್ಕಾಗಿ ಉಳಿದವರೆಲ್ಲ ಕೆಲಸ ಬಿಟ್ಟು ಕತ್ತಲಲ್ಲಿ ಕೂರಬೇಕೆಂದು ಹೇಳುವ ಯಂತ್ರ ಮನೆಯನ್ನು ತಿಳಿದವರು ಮಾಡಿದ ಯಂತ್ರವಲ್ಲ. ಆಡುವವಳಿಗೂ ಗವ್ವೆನ್ನುವ ಕತ್ತಲು ಹಿತವಲ್ಲ; ಕತ್ತಲು ಕೋಣೆಯಲ್ಲಿ ಹೊಳೆಯುವ ಪರದೆ ಬೇಗ ಕಣ್ಣು ದಣಿಸುತ್ತದೆ. ಟಿ.ವಿ.ಯ ಎದುರಿನ ದೀಪ ಆರಿಸಿ, ಹಿಂದೆ ಅಥವಾ ಪಕ್ಕದಲ್ಲಿ ಒಂದು ಸಣ್ಣ ದೀಪ ಇಡಿ. ಪರದೆಯಲ್ಲಿ ಪ್ರತಿಬಿಂಬ ಬೀಳದು, ಅವರೆಕಾಯಿಯ ಹುಳವೂ ಕಾಣುತ್ತದೆ.

"ಹೆಂಗಸರಿಗೆ ಇದಕ್ಕಿಂತ ದೊಡ್ಡ ಸಮಸ್ಯೆಗಳಿಲ್ಲವೇ? ಟಿ.ವಿ.ಯ ಬೆಳಕಿಗೆ ಇಷ್ಟೊಂದು ಮಾತೇ?" ಎಂದು ಕೇಳುವವರಿದ್ದಾರೆ. ಇವೆ, ಬೇಕಾದಷ್ಟಿವೆ. ಆದರೆ ದೊಡ್ಡ ಸಮಸ್ಯೆಗಳೆಲ್ಲ ಇಂಥ ಸಣ್ಣ ಜಾಗದಲ್ಲೇ ಬೇರು ಬಿಡುತ್ತವೆ. ಮಿಕ್ಸಿ ಕೆಟ್ಟರೆ "ಹೆಚ್ಚು ಹೊತ್ತು ತಿರುಗಿಸಿದಿರಿ", ಗ್ಯಾಸ್ ಬೇಗ ಮುಗಿದರೆ "ಉರಿ ದೊಡ್ಡದಿಟ್ಟಿರಿ", ಟಿ.ವಿ. ಕಪ್ಪಾದರೆ "ಏನೋ ಒತ್ತಿದಿರಿ". ವಸ್ತು ಮಾಡಿದವನ ತಪ್ಪನ್ನು ಬಳಸುವವಳ ತಲೆಗೆ ಕಟ್ಟುವ ಈ ಚಾಳಿಯನ್ನು ಕೇಳಿ ಕೇಳಿ ನಮ್ಮ ಹುಡುಗಿಯರು ಯಂತ್ರದ ಮುಂದೆ ನಿಂತಾಗಲೇ ಕೈ ಹಿಂದಕ್ಕೆ ಎಳೆದುಕೊಳ್ಳುತ್ತಾರೆ. ನನ್ನ ತರಗತಿಯಲ್ಲಿ ಪ್ರೊಜೆಕ್ಟರ್ ಕೆಟ್ಟರೆ ಎದ್ದು ಬರುವವರು ಹುಡುಗರು. ಹುಡುಗಿಯರು ಕೂತಲ್ಲೇ ಉತ್ತರ ಗೊತ್ತಿದ್ದೂ ಸುಮ್ಮನಿರುತ್ತಾರೆ. ಇದು ಸಣ್ಣ ವಿಷಯವೇ?

ಮಾಡಲು ಮನಸ್ಸಿದ್ದರೆ ಆಗುತ್ತದೆ ಎಂಬುದಕ್ಕೂ ಸಾಕ್ಷಿ ಆಟದ ಲೋಕದಲ್ಲೇ ಇದೆ. 2020ರಲ್ಲಿ ಬಂದ ದಿ ಲಾಸ್ಟ್ ಆಫ್ ಅಸ್ ಭಾಗ 2 ಎಂಬ ಆಟದಲ್ಲಿ ಕಣ್ಣು ಮಂದವಿರುವವರು, ಕಿವಿ ಕೇಳದವರು, ಕೈ ಆಡದವರು ಕೂಡ ಆಡಲೆಂದು ಅರವತ್ತಕ್ಕೂ ಹೆಚ್ಚು ಹೊಂದಾಣಿಕೆಗಳನ್ನು ಕೊಟ್ಟಿದ್ದಾರೆ. ಹಿನ್ನೆಲೆಯನ್ನು ಬೂದುಬಣ್ಣಕ್ಕೆ ಇಳಿಸಿ, ಆಡುವವಳನ್ನೂ ಶತ್ರುವನ್ನೂ ಬೇರೆ ಬೇರೆ ಬಣ್ಣದಲ್ಲಿ ಎತ್ತಿ ತೋರಿಸುವ ಆಯ್ಕೆಯೂ ಅದರಲ್ಲಿದೆ. ಅದನ್ನು ಮಾಡಿದವರು ನೋಡುವವರನ್ನು ದೂರಲಿಲ್ಲ. ನೋಡುವವರು ಹೇಗೆಲ್ಲ ಇರುತ್ತಾರೆಂದು ಯೋಚಿಸಿದರು.

ನಾವು ಕೇಳಬೇಕಾದದ್ದು ಮೂರೇ. ಎಚ್.ಡಿ.ಆರ್. ಎಂದು ಬರೆದ ಪ್ರತಿ ಟಿ.ವಿ. ಪೆಟ್ಟಿಗೆಯ ಮೇಲೆ ಅದು ಮುಟ್ಟುವ ನಿಟ್ ಎಷ್ಟೆಂದು ಇಂಚಿನಷ್ಟೇ ದೊಡ್ಡ ಅಕ್ಷರದಲ್ಲಿ ಬರೆಯಬೇಕು. ಬ್ರೈಟ್‌ನೆಸ್ ಎಂದರೆ ಏನು, ಬ್ಯಾಕ್‌ಲೈಟ್ ಎಂದರೆ ಏನು ಎಂದು ಕನ್ನಡದಲ್ಲಿ ಒಂದು ಹಾಳೆ ಪೆಟ್ಟಿಗೆಯೊಳಗೆ ಇರಬೇಕು. ಪೊಟ್ಟಣದ ಮೇಲಿನ ವಿವರಗಳು ಹಿಂದಿ ಅಥವಾ ಇಂಗ್ಲಿಷಿನಲ್ಲಿರಬೇಕು ಎಂದು 2011ರ ನಿಯಮ ಹೇಳುತ್ತದೆ. ಕನ್ನಡದಲ್ಲೂ ಹೇಳಿದರೆ ಯಾರೂ ಜೈಲಿಗೆ ಹಾಕುವುದಿಲ್ಲ. ಮೂರನೆಯದಾಗಿ, ಅಂಗಡಿಯಲ್ಲಿ ನದಿ, ನವಿಲು, ಪಟಾಕಿಯ ಚಿತ್ರ ತೋರಿಸಿ ಮಾರುವುದನ್ನು ಬಿಟ್ಟು, ಒಂದು ರಾತ್ರಿಯ ದೃಶ್ಯ ತೋರಿಸಬೇಕು.

ಮುಂದಿನ ಹಬ್ಬದ ರಿಯಾಯಿತಿಯಲ್ಲಿ ನೀವು ಅಂಗಡಿಗೆ ಹೋದಾಗ ಮನೆಯವರು ಇಂಚು ಕೇಳಲಿ, ಮಕ್ಕಳು ಆ್ಯಪು ಕೇಳಲಿ. ನೀವು ಮುಂದೆ ನಿಂತು ಒಂದೇ ಪ್ರಶ್ನೆ ಕೇಳಿ: "ಇದು ಎಷ್ಟು ನಿಟ್?" ಮಾರುವವನಿಗೆ ಗೊತ್ತಿಲ್ಲದಿದ್ದರೆ ಕಂಪನಿಗೆ ಫೋನು ಮಾಡಿ ಕೇಳಿ ಹೇಳಲಿ, ಬಿಲ್ಲಿನ ಮೇಲೆ ಬರೆದುಕೊಡಲಿ. ಬರೆದುಕೊಟ್ಟದ್ದು ಒಂದು, ಮನೆಗೆ ಬಂದದ್ದು ಇನ್ನೊಂದು ಎಂದಾದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿಯ ಸಂಖ್ಯೆ 1915. ಅಲ್ಲಿ ಕನ್ನಡದಲ್ಲೂ ಮಾತಾಡಬಹುದು. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆ ದಾರಿತಪ್ಪಿಸುವ ಜಾಹೀರಾತನ್ನು ತಪ್ಪೆಂದು ಹೇಳಿದೆ. ಉತ್ತರ ಸಿಗದಿದ್ದರೆ ದುಡ್ಡು ಸೆರಗಿನಲ್ಲೇ ಇರಲಿ. ಪಕ್ಕದ ಅಂಗಡಿಗೆ ನಡೆಯಿರಿ. ಹತ್ತು ಹೆಂಗಸರು ಒಂದು ಊರಿನಲ್ಲಿ ಹೀಗೆ ಕೇಳಿದರೆ ಹನ್ನೊಂದನೆಯವಳು ಬರುವ ಹೊತ್ತಿಗೆ ಅಂಗಡಿಯವನು ಆ ಅಂಕಿಯನ್ನು ತಾನೇ ಕಲಿತು ಇಟ್ಟುಕೊಂಡಿರುತ್ತಾನೆ.